ಇಸ್ತ್ರಿ ಶೆಡ್ಡಿನ ಮೀನುಗಳು

ಕಂಡಕ್ಟರು ಬೇಕಂತ ಅಂದದ್ದಲ್ಲ, ಕಣ್ಣಿಗೆ ಕಂಡದ್ದನ್ನೇ ಅಂದ. "ಏನಪ್ಪಾ, ತಾಯಿನ ನಿಲ್ಲಿಸಿ ನೀನು ಕಾಲು ಚಾಚ್ಕೊಂಡು ಕೂತಿದ್ದೀಯಲ್ಲ. ಎದ್ದು ಜಾಗ ಕೊಡು."

ಕೂತಿದ್ದ ಬಾಯ್ಲರಿನವನ ಮೈ ಉರಿದುಹೋಯಿತು. ಪಕ್ಕದಲ್ಲಿ ಕಂಬಿ ಹಿಡಿದು ನಿಂತಿದ್ದವಳು ಅವನ ತಾಯಿಯಲ್ಲ, ತಂಗಿ. ಅವನಿಗಿಂತ ನಾಲ್ಕು ವರ್ಷ ಚಿಕ್ಕವಳು.

"ತಾಯಿಯಲ್ಲ ಕಣಯ್ಯ, ನನ್ನ ತಂಗಿ," ಅಂದ.

ಕಂಡಕ್ಟರು ಅವಳ ನರೆತ ಕೂದಲು ನೋಡಿದ, ಕೆನ್ನೆಯ ಸುಕ್ಕು ನೋಡಿದ, ತಿರುಗಿ ಇವನ ಮುಖ ನೋಡಿದ. ಸಾಯಂಕಾಲ ಐದು ಗಂಟೆಗೇ ಏರಿಸಿಕೊಂಡಿದ್ದಾನೆ ಅಂತ ತೀರ್ಮಾನ ಮಾಡಿ ಟಿಕೆಟ್ ಹರಿದು ಮುಂದೆ ಹೋದ. ತಂಗಿ ಅಂಗೈಯಲ್ಲಿ ಬಾಯಿ ಮುಚ್ಚಿಕೊಂಡು ನಗುತ್ತಿದ್ದಳು. ಮುಂದಿನ ಎರಡು ಹಲ್ಲು ಹೋದ ಮೇಲೆ ಅವಳು ಹಾಗೇ ನಗುವುದು.

"ಏಳು ಮಗನೇ. ಹೆತ್ತವಳಿಗೆ ಜಾಗ ಕೊಡು."

"ಸುಮ್ಮನಿರು."

"ಎಷ್ಟು ಸಿಟ್ಟು ನೋಡು ಇದಕ್ಕೆ. ಹಾಲು ಕುಡಿಸಿ ಬೆಳೆಸಿದ್ದಕ್ಕೆ."

ಅವನಿಗೆ ಇಪ್ಪತ್ತೆಂಟು. ಅವಳಿಗೆ ಕಾಗದದ ಪ್ರಕಾರ ಇಪ್ಪತ್ತನಾಲ್ಕು. ಮೈಯ ಪ್ರಕಾರ ಐವತ್ತಕ್ಕೆ ನಾಲ್ಕೋ ಐದೋ ಕಮ್ಮಿ. ಉಳಿದ ವರ್ಷಗಳನ್ನೆಲ್ಲ ಮೀನು ತಿಂದಿದ್ದವು.

ಅಣ್ಣ ತಂಗಿ ಇಬ್ಬರೂ ಒಂದೇ ಕಾರ್ಖಾನೆಯಲ್ಲಿ ದುಡಿಯುತ್ತಿದ್ದರು. ಆಸ್ಪತ್ರೆಗಳ, ಲಾಡ್ಜುಗಳ ಬೆಡ್‌ಶೀಟು ಒಗೆದು ಇಸ್ತ್ರಿ ಮಾಡಿ ಮಡಚಿ ಕಳಿಸುವ ಕಾರ್ಖಾನೆ. ಯಾರೋ ಸತ್ತ ಶೀಟು, ಯಾರೋ ಹೆತ್ತ ಶೀಟು, ಯಾರೋ ಮದುವೆಯಾದ ಹೊಸದರಲ್ಲಿ ಮಲಗೆದ್ದ ಶೀಟು, ಎಲ್ಲ ಒಂದೇ ತೊಟ್ಟಿಗೆ ಬಿದ್ದು ಬೆಳ್ಳಗಾಗಿ ಹೊರಗೆ ಬರುತ್ತಿದ್ದವು. ಅವನ ಕೆಲಸ ಬಾಯ್ಲರು ನೋಡಿಕೊಳ್ಳುವುದು. ಅವಳದ್ದು ಗೋಡೆಯ ಆಚೆಗಿನ ಇಸ್ತ್ರಿ ಶೆಡ್ಡಿನಲ್ಲಿ. ಬಾಯ್ಲರಿನ ಹಬೆ ದಪ್ಪ ಪೈಪಿನಲ್ಲಿ ಗೋಡೆ ತೂರಿ ಶೆಡ್ಡಿಗೆ ಹೋಗಿ, ಕೆಲಸದವರ ತಲೆಯ ಮೇಲೆ ಉದ್ದಕ್ಕೂ ಹಾದು, ಇಸ್ತ್ರಿ ಮಾಡುವ ದೊಡ್ಡ ರೋಲರುಗಳನ್ನು ಕಾಯಿಸುತ್ತಿತ್ತು. ಒದ್ದೆ ಶೀಟು ರೋಲರಿಗೆ ಕೊಡುವುದು ಇಬ್ಬರು, ಆಚೆ ಬದಿ ಹಿಡಿದು ಮಡಚುವುದು ಇಬ್ಬರು. ಮೂರು ರೋಲರಿಗೆ ಒಟ್ಟು ಹನ್ನೆರಡು ಜನ. ಮಡಚುವುದರಲ್ಲಿ ತಂಗಿಗೆ ಜೊತೆ ಉದ್ದಣ್ಣ. ಹೆಸರು ಬೇರೆ ಏನೋ ಇತ್ತು. ಬಾಗಿಲಿಗೆ ತಲೆ ಬಗ್ಗಿಸದೆ ಬರಲಾಗದವನನ್ನು ಇನ್ನೇನಂತ ಕರೆಯುತ್ತಾರೆ?

ಮೀನು ಮೊದಲು ಕಂಡದ್ದು ಅವಳು ಸೇರಿದ ಎರಡನೇ ವರ್ಷ. ಹಬೆಯೊಳಗೆ ಮೊಳಕೈಯುದ್ದದ ಬೆಳಕು, ಬಾಲ ಬೀಸಿಕೊಂಡು ನಿಧಾನಕ್ಕೆ ಹೋಗುತ್ತಿತ್ತಂತೆ. ಕಣ್ಣಿಲ್ಲ, ಬಾಯಿಲ್ಲ. ಕಣ್ಣು ಮುಚ್ಚಿಕೊಂಡು ದೀಪದ ಕಡೆ ಮುಖ ಮಾಡಿದರೆ ರೆಪ್ಪೆಯೊಳಗೆ ಒಂದು ಬಣ್ಣ ಕಾಣುತ್ತದಲ್ಲ, ಆ ಬಣ್ಣ. ಕೈ ಹಾಕಿದರೆ ಸಿಗುವುದಿಲ್ಲ. ಒದ್ದೆ ಶೀಟಿನ ಮೂಲಕ ತೂರಿ ಹೋಯಿತು. ಶೀಟು ರೋಲರಿಗೆ ಮುಟ್ಟುವ ಮೊದಲೇ ಗರಿಗರಿ ಒಣಗಿತ್ತು. ಎಲ್ಲ ನಕ್ಕರು. ದೆವ್ವವಾದರೂ ಕೆಲಸ ಮಾಡುವ ದೆವ್ವ ಅಂದರು.

ಆಮೇಲೆ ಗೊತ್ತಾಯಿತು, ಒಣಗಿದ್ದು ಶೀಟೊಂದೇ ಅಲ್ಲ. ಮೀನು ಇರುವಲ್ಲಿ ಹೊತ್ತು ಓಡುತ್ತಿತ್ತು. ಎಂಟಕ್ಕೆ ಒಳಗೆ ಹೋದವರು ಇಡೀ ದಿನ ದುಡಿದು ಸುಸ್ತಾಗಿ ಹೊರಗೆ ಬಂದರೆ ಗೇಟಿನ ಗಡಿಯಾರದಲ್ಲಿ ಮಧ್ಯಾಹ್ನ. ಮೀನು ಹೆಚ್ಚಾದವು. ಈಗ ಮೂರು ವರ್ಷದಿಂದ ಲೆಕ್ಕ ಹೀಗೆ: ಹೊರಗೆ ಒಂದು ಗಂಟೆ, ಒಳಗೆ ಒಂದು ದಿನ. ಬೆಳಿಗ್ಗೆ ಎಂಟಕ್ಕೆ ಹೋದರೆ ಸಾಯಂಕಾಲ ನಾಲ್ಕಕ್ಕೆ ಬರುವಷ್ಟರಲ್ಲಿ ಒಳಗಿನವರಿಗೆ ಎಂಟು ದಿನ ಕಳೆದಿರುತ್ತಿತ್ತು. ಎಂಟು ದಿನಕ್ಕಾಗುವಷ್ಟು ಕಾಳುಕಡಿ ಹೊತ್ತುಕೊಂಡು ಹೋಗಿ, ಹಬೆಯಲ್ಲೇ ಬೇಯಿಸಿಕೊಂಡು, ಸರದಿ ಮೇಲೆ ಶೀಟಿನ ರಾಶಿಯ ಮೇಲೆ ಮಲಗಿ ಎದ್ದು ದುಡಿಯುತ್ತಿದ್ದರು. ಹಬೆ ಪೋಲಾಗಬಾರದು ಅಂತ ಕಬ್ಬಿಣದ ಬಾಗಿಲಿಗೆ ಹೊರಗಿನಿಂದ ಬೀಗ. ಬೀಗದ ಕೈ ಹಾಜರಿ ಬರೆಯುವ ರಿಜಿಸ್ಟರಿನವರ ಮೇಜಿನಲ್ಲಿ. ತೆಗೆಯುವುದು ನಾಲ್ಕಕ್ಕೆ. ರಿಜಿಸ್ಟರಿನಲ್ಲಿ ಒಂದೇ ಸಹಿ, ಒಂದೇ ದಿನದ ಹಾಜರಿ.

ಮಾಲೀಕನ ಭಾಗ್ಯ ನೋಡಿ. ರೋಲರಿನ ಬೆಲ್ಟು ಬೇಗ ಸವೆಯುತ್ತಿತ್ತು, ಬದಲಾಯಿಸಿದ. ಬಲ್ಬು ಬೇಗ ಸುಟ್ಟುಹೋಗುತ್ತಿದ್ದವು, ಬದಲಾಯಿಸಿದ. ಮನುಷ್ಯರು ಸವೆಯುತ್ತಿದ್ದರು. ಅದಕ್ಕೆ ಯಾರೂ ದೂರು ಬರೆದಿರಲಿಲ್ಲವಂತೆ.

ಮನೆಯಲ್ಲಿ ಅಮ್ಮ ದಿನಾ ಸಾಯಂಕಾಲ ಬಿಸಿ ಅಡುಗೆ ಮಾಡಿ ಕಾಯುತ್ತಿದ್ದಳು. ಅಮ್ಮನ ಪಾಲಿಗೆ ಮಗಳು ಬೆಳಿಗ್ಗೆ ಹೋಗಿ ಸಾಯಂಕಾಲ ಬಂದವಳು. ಮಗಳ ಪಾಲಿಗೆ ಮನೆ ಎಂಟು ದಿನಕ್ಕೊಮ್ಮೆ ಒಂದು ರಾತ್ರಿ ಸಿಗುವ ಜಾಗ. ಬಂದವಳೇ ಬಾಗಿಲಲ್ಲಿ ಎರಡು ಗಳಿಗೆ ನಿಂತು ಒಲೆ, ಪಾತ್ರೆ, ಗೋಡೆಯ ಮೊಳೆ ಎಲ್ಲ ಇದ್ದಲ್ಲೇ ಇವೆಯಾ ಅಂತ ನೋಡುತ್ತಿದ್ದಳು. "ಬೆಳಿಗ್ಗೆ ಹೇಳಿದ್ದೆನಲ್ಲೇ, ಪಕ್ಕದ ಮನೆಯವಳ ಸುದ್ದಿ," ಅಂತ ಅಮ್ಮ ಶುರು ಮಾಡಿದರೆ ತಂಗಿಗೆ ಏನೂ ನೆನಪಿರುತ್ತಿರಲಿಲ್ಲ. ಎಂಟು ದಿನದ ಹಿಂದಿನ ಮಾತು. ಅಮ್ಮನಿಗೆ ಮೀನಿನ ಮಾತು ಎತ್ತಿದರೆ ಆಗುತ್ತಿರಲಿಲ್ಲ. "ಬಿಸಿ ಹಬೆ ಹೊಡೆದು ಕೂದಲು ನರೆತಿದೆ, ಮುಖ ಬಾಡಿದೆ. ಎಣ್ಣೆ ಹಚ್ಚಿದರೆ ಸರಿಹೋಗ್ತದೆ," ಅಂದು, ತನ್ನಷ್ಟೇ ವಯಸ್ಸಾದ ಮಗಳನ್ನು ಮುಂದೆ ಕೂರಿಸಿಕೊಂಡು ತಲೆ ತಿಕ್ಕುತ್ತಿದ್ದಳು.

ಬಸ್ಸಿನಲ್ಲಿ ಹಾಗಾದ ಮಾರನೇ ದಿನವೇ ಅವನು ತಂಗಿಯನ್ನು ಕರೆದುಕೊಂಡು ರಿಜಿಸ್ಟರಿನವರ ಮುಂದೆ ಹೋಗಿ ನಿಂತ. ಕೆಲಸಕ್ಕೆ ಸೇರುವ ಹೊತ್ತಿಗೆ ಇನ್ನೂ ಹತ್ತು ನಿಮಿಷವಿತ್ತು. ರಿಜಿಸ್ಟರಿನವರು ಒಳ್ಳೆಯವರೇ. ಬೈಯುವವರಲ್ಲ, ಕೂಗಾಡುವವರಲ್ಲ. ಅಂಥವರ ಹತ್ತಿರ ಮಾತಾಡುವುದೇ ಕಷ್ಟ, ಜಗಳ ತೆಗೆಯಲಿಕ್ಕೆ ಎಲ್ಲೂ ತುದಿ ಸಿಗುವುದಿಲ್ಲ.

"ಇವಳಿಗೆ ನಿವೃತ್ತಿ ಕೊಡಿ ಸ್ವಾಮಿ," ಅಂದ ಬಾಯ್ಲರಿನವನು. "ಇಲ್ಲ ಅಂದ್ರೆ ಒಗೆಯೋ ಕಡೆ ಹಾಕಿ. ಶೆಡ್ಡು ಬೇಡ."

ಅವರು ರಿಜಿಸ್ಟರು ತಿರುವಿ ಬೆರಳಿಟ್ಟರು. "ಇಪ್ಪತ್ತನಾಲ್ಕು ವಯಸ್ಸು. ನಿವೃತ್ತಿ ಐವತ್ತೆಂಟಕ್ಕೆ. ಇನ್ನೂ ಮೂವತ್ತನಾಲ್ಕು ವರ್ಷ ಇದೆಯಲ್ಲಪ್ಪ."

"ಮುಖ ನೋಡಿ ಸ್ವಾಮಿ."

ಅವರು ನೋಡಿದರು. ಮರ್ಯಾದೆಯಿಂದಲೇ ನೋಡಿದರು. "ನೋಡಿದೆ. ಮುಖದಲ್ಲಿ ಏನೂ ಬರೆದಿಲ್ಲ. ಇಲ್ಲಿ ಬರೆದಿದೆ."

ತಂಗಿ ಕೇಳಿದಳು, "ಆ ಮೂವತ್ತನಾಲ್ಕು ವರ್ಷ ಯಾರದ್ದು ಸ್ವಾಮಿ? ನಿಮ್ಮದಾ, ನಮ್ಮದಾ?"

"ಗೇಟಿನ ಗಡಿಯಾರದ್ದಮ್ಮ." ಅವರು ಪೆನ್ನು ಅವಳ ಕಡೆ ತಿರುಗಿಸಿ ಇಟ್ಟರು. "ಸಹಿ ಮಾಡು, ಹೊತ್ತಾಯಿತು. ಒಗೆಯೋ ಕಡೆ ಜಾಗ ಇಲ್ಲ. ಬಿಡೋದಾದ್ರೆ ಬಿಡು, ಯಾರೂ ಕಟ್ಟಿಹಾಕಿಲ್ಲ."

ಅವಳು ಸಹಿ ಮಾಡಿದಳು.

ಸಾಯಂಕಾಲ ಬಸ್ಸಿಗೆ ಕಾಯುವಾಗ ಅವನು ಅದೇ ಕೇಳಿದ. ಬಿಟ್ಟುಬಿಡು ಅಂದ. ನಾನೊಬ್ಬ ದುಡಿದರೆ ಸಾಕು, ಮೂವರು ಅರೆಹೊಟ್ಟೆ ತಿಂದು ಬದುಕೋಣ ಅಂದ. ಅವಳಿಗೆ ಬೆಳಿಗ್ಗೆಯ ಮಾತು ಎಂಟು ದಿನ ಹಳತಾಗಿತ್ತು. ಸ್ವಲ್ಪ ಹೊತ್ತು ಯೋಚಿಸಿ ನೆನಪು ಮಾಡಿಕೊಂಡಳು.

"ಬಿಟ್ಟು ಏನು ಮಾಡ್ಲಿ? ಹೊಲಿಗೆ ಅಂಗಡಿಗೆ ಹೋಗಿ ಕೇಳಿದ್ದೆ, ನಿಂಗೆ ಹೇಳಿರ್ಲಿಲ್ಲ. ಕಾಗದ ತೋರಿಸಿದ್ರೆ ಮುಖ ಸುಳ್ಳು ಅಂತಾರೆ. ಮುಖ ತೋರಿಸಿದ್ರೆ ಕಾಗದ ಸುಳ್ಳು ಅಂತಾರೆ. ಮಗಳ ಕಾಗದ ಕದ್ಕೊಂಡು ಬಂದಿದ್ದೀಯಾ ಮುದುಕಿ ಅಂದ್ರು." ಅವಳು ನಗಲಿಲ್ಲ. "ಶೆಡ್ಡಲ್ಲಾದ್ರೆ ನಾವು ಹನ್ನೆರಡು ಜನಾನೂ ಒಟ್ಟಿಗೆ ಮುದುಕರಾಗಿದ್ದೀವಿ. ಒಬ್ಬರನ್ನೊಬ್ಬರು ನೋಡಿದ್ರೆ ವ್ಯತ್ಯಾಸ ಗೊತ್ತಾಗಲ್ಲ. ಹೊರಗೆ ಬಂದ್ರೇನೇ ಕಷ್ಟ."

ಹೀಗೇ ಇನ್ನು ಮೂರು ವರ್ಷ ಹೋದರೆ ತನಗೆ ಮೂವತ್ತೊಂದು, ಇವಳಿಗೆ ಎಪ್ಪತ್ತರ ಹತ್ತಿರ. ಅಷ್ಟು ದಿನ ಇದ್ದರೆ. ಈಗಲೇ ಕೆಮ್ಮು ಬಿಡುತ್ತಿಲ್ಲ, ಮೆಟ್ಟಿಲು ಹತ್ತಿದರೆ ಏದುಸಿರು. ತಂಗಿ ಮುಪ್ಪಿನಿಂದ ಸತ್ತಳು ಅಂತ ಊರಿಗೆ ಹೇಳಬೇಕು ಅಷ್ಟೇ. ಬಸ್ಸು ಬಂತು, ಹೋಯಿತು. ಅವನು ಹತ್ತಲಿಲ್ಲ, ಅವಳನ್ನೂ ಹತ್ತಗೊಡಲಿಲ್ಲ.

"ನಾಳೆ ಬಾಯ್ಲರು ನಿಲ್ಲಿಸ್ತೀನಿ," ಅಂದ.

ಯೋಚನೆ ಹಳೆಯದೇ. ಎರಡು ವರ್ಷದ ಹಿಂದೆ ತಪಾಸಣೆಗೆ ಅಂತ ಬಾಯ್ಲರು ಎರಡು ದಿನ ಆರಿಸಿದ್ದರು. ಕೆಲಸದವರಿಗೆಲ್ಲ ರಜ. ಹಬೆ ಇಲ್ಲದ ಶೆಡ್ಡಿಗೆ ಅವನು ಬಾಗಿಲು ತೆಗೆದು ಇಣುಕಿದಾಗ ಒಂದು ಮೀನೂ ಇರಲಿಲ್ಲ. ಹಬೆಯಿಲ್ಲದಿದ್ದರೆ ಅವು ಸಾಯುತ್ತವೆ, ಅದು ಅವನ ಕಣ್ಣಾರೆ ಕಂಡ ಸಂಗತಿ. ಹಬೆ ನಿಲ್ಲಿಸಿ, ಬೆಂಕಿ ಆರಿಸಿ, ನೀರು ತಳ್ಳುವ ಪಂಪನ್ನು ಸುತ್ತಿಗೆಯಲ್ಲಿ ಪುಡಿ ಮಾಡಿಬಿಟ್ಟರೆ ಹೊಸದು ಬಂದು ಕೂರಲು ತಿಂಗಳುಗಟ್ಟಲೆ ಬೇಕು. ಅಷ್ಟರಲ್ಲಿ ಹನ್ನೆರಡು ಜನರನ್ನೂ ಸಾಲಾಗಿ ನಿಲ್ಲಿಸಿ ಊರಿಗೆ ತೋರಿಸಬಹುದು. ಆಮೇಲೆ ಜೈಲಾದರೆ ಆಗಲಿ. ಬಾಯ್ಲರು ರಾತ್ರಿ ಹಗಲು ಉರಿಯುತ್ತಿತ್ತು, ರಾತ್ರಿ ಪಾಳಿಗೆ ಬೇರೆಯವನಿದ್ದ. ಅದು ಇವನ ಕೈಯಲ್ಲಿರುತ್ತಿದ್ದದ್ದು ಎಂಟರಿಂದ ನಾಲ್ಕು, ಅಂದರೆ ತಂಗಿ ಒಳಗಿರುವಾಗಲೇ. ಹತ್ತು ಗಂಟೆವರೆಗೆ ಮ್ಯಾನೇಜರು ಅಲ್ಲೇ ಸುಳಿದಾಡುತ್ತಿದ್ದ. ಅವನು ಹೋದ ಮೇಲೆ ಮಾಡಬೇಕು.

ತಂಗಿ ಎಲ್ಲ ಕೇಳಿ, "ಬೇಡ ಅಂದ್ರೆ ಕೇಳ್ತೀಯಾ?" ಅಂದಳು.

"ಇಲ್ಲ."

"ಮತ್ತೆ ನನ್ನನ್ನ್ಯಾಕೆ ಕೇಳ್ತೀಯ." ಅವಳು ರಸ್ತೆಯ ಕಡೆ ನೋಡುತ್ತಾ ನಿಂತಳು. "ಮಾಡೋದಾದ್ರೆ ನೀಟಾಗಿ ಮಾಡು ಅಣ್ಣ. ಪೈಪು ಒಡೆದು ನಮ್ಮ ತಲೆ ಮೇಲೆ ಕುದಿಯೋ ನೀರು ಸುರಿದೀತು."

ಅವತ್ತು ಐದು ವರ್ಷದಲ್ಲಿ ಮೊದಲ ಸಲ ಅವಳು ಬಸ್ಸಿನಲ್ಲಿ ಕಿಟಕಿ ಪಕ್ಕ ಕೂತು ಹೊರಗೆ ನೋಡಿದಳು. ಏನೋ ಆಗುತ್ತದೆ ಅಂತ ಅವಳಿಗೂ ಅನ್ನಿಸಿರಬೇಕು.

ಮಾರನೇ ದಿನ ಹತ್ತಕ್ಕೆ ಮ್ಯಾನೇಜರು ಹೋದ. ಬಾಯ್ಲರಿನವನು ಬಾಗಿಲಿಗೆ ಒಳಗಿನಿಂದ ಚಿಲಕ ಹಾಕಿ, ಶೆಡ್ಡಿಗೆ ಹೋಗುವ ಪೈಪಿನ ದೊಡ್ಡ ಚಕ್ರದ ಮುಂದೆ ನಿಂತ. ಒಂದೇ ಏಟಿಗೆ ತಿರುಗಿಸಿ ಮುಚ್ಚಿಬಿಡಬೇಕು ಅನ್ನಿಸಿತು. ಮುಚ್ಚಲಿಲ್ಲ. ಅವನಿಗೆ ಕೆಲಸ ಕಲಿಸಿದ ಮೇಸ್ತ್ರಿ ಮೂರು ವರ್ಷ ತಲೆಗೆ ಮೊಟಕಿ ಮೊಟಕಿ ಹೇಳಿಕೊಟ್ಟದ್ದು ಅದೊಂದೇ: ಹಬೆಯನ್ನು ದಿಢೀರ್ ಅಂತ ನಿಲ್ಲಿಸಬೇಡ, ಒಳಗೆ ಹಬೆ ನೀರಾಗಿ ಆ ನೀರು ಪೈಪಿಗೆ ಗುದ್ದುತ್ತದೆ, ಪೈಪು ಬಿರಿಯುತ್ತದೆ. ಕಾಲು ಸುತ್ತು ತಿರುಗಿಸು, ಐದು ನಿಮಿಷ ಕಾಯಿ. ಮತ್ತೆ ಕಾಲು ಸುತ್ತು. ಪೈಪು ಗುಂಯ್‌ಗುಟ್ಟಿದರೆ ಒಳಗೆ ನೀರು ಸೇರಿದೆ ಅಂತ ತಿಳಿ, ಕೈ ತೆಗೆ, ಸದ್ದು ನಿಲ್ಲುವ ತನಕ ಚಕ್ರ ಮುಟ್ಟಬೇಡ.

ಆ ಪೈಪಿನ ಕೆಳಗೆ ತಂಗಿ ನಿಂತಿದ್ದಾಳೆ. ಅವನು ಕಾಲು ಸುತ್ತು ತಿರುಗಿಸಿದ. ಗಡಿಯಾರ ನೋಡಿದ. ಹತ್ತು ಗಂಟೆ ಐದು ನಿಮಿಷ.

ಹತ್ತು ಹತ್ತಕ್ಕೆ ಇನ್ನೊಂದು ಕಾಲು ಸುತ್ತು. ಎಲ್ಲ ಸರಿಯಿತ್ತು. ಮೂರನೆಯದಕ್ಕೆ ಕೈಯಿಡುವಾಗ ಪೈಪು ಗುಂಯ್‌ಗುಟ್ಟಿತು.

ಮೊದಲು ಸಣ್ಣಗೆ, ಜೇನುಗೂಡಿಗೆ ಕಿವಿಯಿಟ್ಟ ಹಾಗೆ. ಆಮೇಲೆ ಜೋರಾಯಿತು. ಅಂಗೈಯಿಟ್ಟರೆ ಪೈಪು ಜುಮುಜುಮು ಅನ್ನುತ್ತಿತ್ತು. ಒಂದೇ ಸಮ, ಒಂದು ಗಳಿಗೆ ಬಿಡುವಿಲ್ಲದೆ. ಅವನು ಚಕ್ರದಿಂದ ಕೈ ತೆಗೆದ. ಮೇಸ್ತ್ರಿ ಇದ್ದಿದ್ದರೆ ಭೇಷ್ ಅನ್ನುತ್ತಿದ್ದ. ಅವನು ಕಾದ. ಹತ್ತು ಹದಿನೈದು, ಹತ್ತು ಇಪ್ಪತ್ತು. ಬೆವರು ಕಣ್ಣಿಗೆ ಇಳಿಯುತ್ತಿತ್ತು. ಇನ್ನು ಸ್ವಲ್ಪ ತಡಕೋ, ಇನ್ನು ಸ್ವಲ್ಪ ತಡಕೋ, ಪೈಪು ಉಳಿಯಲಿ ಅಂತ ತನಗೆ ತಾನೇ ಹೇಳಿಕೊಂಡ. ಹತ್ತೂವರೆ ಆಗುತ್ತ ಬಂದಾಗ ಸದ್ದು ತೆಳುವಾಯಿತು. ಬಿಟ್ಟು ಬಿಟ್ಟು ಬಂತು. ನಿಂತಿತು. ಅವನು ನಿಟ್ಟುಸಿರು ಬಿಟ್ಟ. ಉಳಿದ ಎರಡು ಕಾಲು ಸುತ್ತನ್ನೂ ನಿಧಾನಕ್ಕೆ ಮುಗಿಸಿ, ಬೆಂಕಿ ಆರಿಸಿ, ಸುತ್ತಿಗೆ ಎತ್ತಿಕೊಂಡ. ಇಪ್ಪತ್ತು ನಿಮಿಷದ ಕೆಲಸಕ್ಕೆ ನಲವತ್ತು ನಿಮಿಷ ಹಿಡಿದಿತ್ತು. ಆದರೆ ಪೈಪಿನಲ್ಲಿ ಒಂದು ಕೂದಲೆಳೆಯಷ್ಟೂ ಬಿರುಕಿಲ್ಲ.

ಮೊದಲು ಪಂಪಿಗಲ್ಲ, ಶೆಡ್ಡಿನ ಬೀಗಕ್ಕೇ ಹೊಡೆಯೋಣ ಅನ್ನಿಸಿತು. ಅವಳನ್ನು ಮೊದಲು ಹೊರಗೆ ತರೋಣ. ಸುತ್ತುಹಾಕಿ ಓಡಿದ. ನಾಲ್ಕು ಏಟಿಗೆ ಬೀಗ ಕಿತ್ತುಬಂತು.

ಬಾಗಿಲು ತೆಗೆದಾಗ ಮೊದಲು ಬಂದದ್ದು ವಾಸನೆ. ನೆಲದ ತುಂಬ ಬೆಳಕು ಹರಡಿತ್ತು. ಹಬೆಯಲ್ಲಿ ಮೇಲೆ ಮೇಲೆ ಈಜುತ್ತಿದ್ದ ಮೀನೆಲ್ಲ ಕೆಳಗಿಳಿದು, ಬಾಗಿಲ ಹತ್ತಿರ ಬಿದ್ದಿದ್ದ ಜನರ ಮುಖಕ್ಕೆ, ಬಾಯಿಗೆ, ಮೂಗಿಗೆ ಒತ್ತೊತ್ತಾಗಿ ಮುತ್ತಿಕೊಂಡಿದ್ದವು. ಹೊರಗಿನ ಗಾಳಿ ನುಗ್ಗಿದ್ದೇ ತಡ, ಒಂದೊಂದಾಗಿ ಆರಿಹೋದವು. ಆಮೇಲೆ ಬರೀ ಮನುಷ್ಯರು ಉಳಿದರು. ಚರ್ಮ, ಎಲುಬು. ಕೆಲವರು ಅಲ್ಲಾಡಿದರು.

ಉದ್ದಣ್ಣ ಗೋಡೆಗೆ ಒರಗಿ ಕೂತಿದ್ದ. ಶೀಟು ಸುತ್ತಿಕೊಂಡಿದ್ದ. ಗಡ್ಡ ಕೆನ್ನೆ ತುಂಬಿಕೊಂಡಿತ್ತು. ಬೆಳಿಗ್ಗೆ ಎಂಟಕ್ಕೆ ಒಳಗೆ ಹೋಗುವಾಗ ಅವನಿಗೆ ಗಡ್ಡವಿರಲಿಲ್ಲ.

"ಬಂದೆಯಾ," ಅಂದ. ಸಿಟ್ಟಿರಲಿಲ್ಲ. ಸಿಟ್ಟಿಗೆ ಶಕ್ತಿ ಬೇಕು.

"ಅವಳೆಲ್ಲಿ?"

ಉದ್ದಣ್ಣ ರೋಲರಿನ ಕಡೆ ಕಣ್ಣು ತೋರಿಸಿದ. ಅಲ್ಲಿ ನಾಲ್ಕು ಮಂದಿಯನ್ನು ಸಾಲಾಗಿ ಮಲಗಿಸಿ ಶೀಟು ಹೊದಿಸಿದ್ದರು. ಅಂಚಿಗೆ ಅಂಚು ಕೂಡಿಸಿ, ಮೂಲೆ ಮಡಚಿ, ಸುಕ್ಕಿಲ್ಲದ ಹಾಗೆ. ಮೂರನೆಯವಳು ಅವಳು.

"ಆರು ದಿನ ಆಯ್ತು," ಅಂದ ಉದ್ದಣ್ಣ.

ಅವನು ನೀರು ತಂದ. ಕುಡಿಸಿದ. ಎಂಟು ಜನ ಬದುಕಿದ್ದರು. ಕಾರ್ಖಾನೆಯವರೆಲ್ಲ ಓಡಿ ಬಂದು ಗಲಾಟೆ ಶುರುವಾಗುವುದಕ್ಕೆ ಇನ್ನೂ ಸ್ವಲ್ಪ ಹೊತ್ತಿತ್ತು. ಅಷ್ಟರಲ್ಲಿ ಉದ್ದಣ್ಣ ಹೇಳಿದ್ದು ಇಷ್ಟು.

ಹಬೆ ಕಮ್ಮಿಯಾಗುತ್ತಿದ್ದ ಹಾಗೆ ಮೀನು ಸಾಯಲಿಲ್ಲ. ಕೆಳಗಿಳಿದವು. ಇಡೀ ಶೆಡ್ಡಿನಲ್ಲಿ ಇನ್ನೆಲ್ಲಿ ಹಬೆಯಿದೆ ಅಂತ ಹುಡುಕಿದವು. ಮನುಷ್ಯರ ಉಸಿರಿನಲ್ಲಿ ಇತ್ತು. ಹನ್ನೆರಡು ಜನರ ಬಾಯಿಗೆ ನೂರಾರು ಮೀನು ಬಂದು ಕೂತವು. ಮೀನು ಮೈಗೆ ಹತ್ತಿದಷ್ಟೂ ಹೊತ್ತು ಓಡುತ್ತದಲ್ಲ, ಇನ್ನೂ ಓಡಿತು. ದಿನ ಅನ್ನುವುದು ಎಷ್ಟು ಸಲ ಮಲಗಿ ಎದ್ದೆವು ಅನ್ನುವುದರ ಮೇಲೆ. ಮೂವತ್ತು ದಾಟಿದ ಮೇಲೆ ಎಣಿಸುವವನು ಸತ್ತ.

ತಪಾಸಣೆಯ ಸಲ ಶೆಡ್ಡಿನಲ್ಲಿ ಉಸಿರಾಡುವವರು ಯಾರೂ ಇರಲಿಲ್ಲ. ಬಾಯ್ಲರಿನವನಿಗೆ ಇದು ಈಗ ಹೊಳೆಯಿತು.

"ಆರು ದಿನದ ಕಾಳು ಉಳಿದಿತ್ತು. ಬೇಯಿಸೋಕೆ ಹಬೆ ಇಲ್ಲ. ನೆನೆಸಿ ತಿಂದ್ವಿ. ಹನ್ನೆರಡು ದಿನಕ್ಕೆ ಎಳೆದ್ವಿ," ಅಂದ ಉದ್ದಣ್ಣ. "ನಲ್ಲಿ ನೀರಿತ್ತು ಅಂತ ಇಷ್ಟಾದ್ರೂ ಬದುಕಿದ್ವಿ. ಬಾಗಿಲಿಗೆ ಗುದ್ದಿದ್ವಿ, ಯಾರಿಗೆ ಕೇಳುತ್ತೆ. ಪೈಪಿಗೆ ಹೊಡೆಯೋಣ, ಆ ಕಡೆ ನೀನಿದ್ದೀಯ ಅಂದೆ. ನಿನ್ನ ತಂಗಿ ಬಿಡ್ಲಿಲ್ಲ. ಎಂಟು ದಿನ ಬಿಡ್ಲಿಲ್ಲ."

"ಯಾಕೆ?"

"ಹೊಡೆದ್ರೆ ಪೈಪು ಬಿರಿಯುತ್ತೆ ಅಂದ್ಲು. ನಮ್ಮಣ್ಣ ನೀಟಾಗಿ ಮುಚ್ತಾ ಇರ್ತಾನೆ, ಅವನು ಅಂಗಿ ಗುಂಡಿ ಹಾಕೋಕೇ ಕಾಲು ಗಂಟೆ ತಗೊಳ್ಳೋನು, ಸ್ವಲ್ಪ ತಡಕೊಳ್ಳಿ ಅಂತ ನಗಿಸಿದ್ಲು." ಉದ್ದಣ್ಣ ಉಸಿರು ತೆಗೆದುಕೊಂಡ. "ಆಮೇಲೆ ಅವಳೇ ಕೊಂಡಿ ಎತ್ಕೊಂಡು ಹೊಡೆಯೋಕೆ ಶುರು ಮಾಡಿದ್ಲು. ಶೀಟು ಎಳೆಯೋ ಕಬ್ಬಿಣದ ಕೊಂಡಿ. ಸರದಿ ಮೇಲೆ ಹೊಡೆದ್ವಿ. ಹಗಲೂ ರಾತ್ರಿ, ಒಂದು ಕ್ಷಣ ನಿಲ್ಲಿಸದೆ. ಒಬ್ಬ ಬಿದ್ರೆ ಇನ್ನೊಬ್ಬ. ಹದಿನೆಂಟು ದಿನ ಹೊಡೆದ್ವಿ ಕಣಯ್ಯ. ಒಂದು ಏಟಾದ್ರೂ ನಿನ್ನ ಕಿವಿಗೆ ಬೀಳ್ಲಿಲ್ವಾ?"

ಬಾಯ್ಲರಿನವನು ಬಲಗೈಯನ್ನು ಎತ್ತಿ ನೋಡಿಕೊಂಡ. ಹದಿನೆಂಟು ದಿನದ ಏಟು ಹದಿನೈದು ನಿಮಿಷದೊಳಗೆ ಒತ್ತಿಕೊಂಡು ಬಂದು ಇದೇ ಅಂಗೈಯ ಕೆಳಗೆ ಜುಮುಜುಮು ಅಂದಿತ್ತು. ಜೇನುಗೂಡಿನ ಹಾಗೆ. ಅವನು ಕೈ ತೆಗೆದು, ಸದ್ದು ನಿಲ್ಲಲಿ ಅಂತ ಕಾದಿದ್ದ. ನಿಂತಾಗ ನಿಟ್ಟುಸಿರು ಬಿಟ್ಟಿದ್ದ.

"ಬಿತ್ತು," ಅಂದ.

ಉದ್ದಣ್ಣ ಶೀಟನ್ನು ಮುಖದ ಮೇಲೆ ಎಳೆದುಕೊಂಡ.

ವಿಚಾರಣೆಗೆ ಇನ್‌ಸ್ಪೆಕ್ಟರು ಬಂದರು. ರಿಜಿಸ್ಟರಿನವರ ಕೋಣೆಯಲ್ಲೇ ಕುರ್ಚಿ ಹಾಕಿದರು. ಬಾಯ್ಲರಿನವನು ನಿಂತಲ್ಲೇ ಎಲ್ಲ ಹೇಳಿದ, ಒಂದು ಅಕ್ಷರ ಬಚ್ಚಿಡದೆ. ನಾನೇ ಹಬೆ ನಿಲ್ಲಿಸಿದೆ. ನಾಲ್ಕು ಜನ ಹಸಿದು ಸತ್ತರು. ನಾನೇ ಕೊಂದೆ. ನನ್ನನ್ನು ಹಿಡಿದುಕೊಂಡು ಹೋಗಿ. ಇವರನ್ನೂ ಹಿಡಿದುಕೊಂಡು ಹೋಗಿ, ಬೀಗ ಹಾಕಿದವರು ಇವರು.

ಇನ್‌ಸ್ಪೆಕ್ಟರು ತಾಳ್ಮೆಯಿಂದ ಕೇಳಿದರು. "ಒಳಗೆ ಹೋಗಿದ್ದು ಎಷ್ಟು ಹೊತ್ತಿಗೆ?"

"ಎಂಟಕ್ಕೆ."

"ಬಾಗಿಲು ತೆಗೆದದ್ದು?"

"ಹತ್ತೂ ಮುಕ್ಕಾಲಿಗೆ."

"ಬೆಳಿಗ್ಗೆ ಮನೆಯಲ್ಲಿ ತಿಂಡಿ ತಿಂದಿದ್ಲಾ ನಿನ್ನ ತಂಗಿ?"

"ತಿಂದಿದ್ಲು. ಆದ್ರೆ ಸ್ವಾಮಿ, ಒಳಗೆ..."

"ತಿಂಡಿ ತಿಂದವಳು ಮೂರು ಗಂಟೆಯೊಳಗೆ ಹಸಿವಿನಿಂದ ಸಾಯೋದು ಅಂದ್ರೇನಯ್ಯ?" ಅವರಿಗೆ ನಿಜಕ್ಕೂ ಬೇಜಾರಾಗಿತ್ತು. "ದುಃಖದಲ್ಲಿದ್ದೀಯ, ತಲೆ ಕೆಟ್ಟಿದೆ. ಹೋಗು, ಮನೆಗೆ ಹೋಗು."

"ಬದುಕಿರೋರನ್ನ ಕೇಳಿ. ಉದ್ದಣ್ಣನ ಗಡ್ಡ ನೋಡಿ."

"ಗಡ್ಡ ಬಿಡೋದು ಅಪರಾಧ ಅಲ್ಲ."

ರಿಜಿಸ್ಟರಿನವರು ಮೆಲ್ಲಗೆ ಇನ್ನೊಂದು ಮಾತು ಸೇರಿಸಿದರು. ಸತ್ತ ಹೆಂಗಸಿಗೆ ಐವತ್ತರ ಹತ್ತಿರ ಇರಬೇಕು ಅಂತ ಡಾಕ್ಟರು ಬರೆದಿದ್ದಾರೆ, ನಮ್ಮ ರಿಜಿಸ್ಟರಿನಲ್ಲಿರುವ ಹುಡುಗಿಗೆ ಇಪ್ಪತ್ತನಾಲ್ಕು, ಎರಡೂ ತಾಳೆಯಾಗುವುದಿಲ್ಲ ಅಂದರು. ಹೃದಯ ನಿಂತು ಸತ್ತ ಅಪರಿಚಿತ ಹೆಂಗಸು ಅಂತ ಕಾಗದವಾಯಿತು, ಉಳಿದ ಮೂವರದ್ದೂ ಹೀಗೇ. ತಂಗಿಯ ಹೆಸರಿನ ಮುಂದೆ ಅವತ್ತಿನಿಂದ ಗೈರುಹಾಜರಿ ಬೀಳತೊಡಗಿತು. ಯಾರನ್ನೂ ಯಾರೂ ಹಿಡಿದುಕೊಂಡು ಹೋಗಲಿಲ್ಲ. ಬೀಗ ಒಡೆದದ್ದಕ್ಕೆ ಅವನನ್ನು ಕೆಲಸದಿಂದ ತೆಗೆದರು. ಪಂಪು ಒಡೆಯುವುದು ಅವನಿಗೆ ಮರೆತೇ ಹೋಗಿತ್ತು. ಎರಡು ದಿನಕ್ಕೆ ಬಾಯ್ಲರು ಹೊತ್ತಿಸಿದರು. ನಾಲ್ಕು ಜನ ಹೊಸಬರು ಬಂದರು, ಇಪ್ಪತ್ತರ ಆಸುಪಾಸಿನವರು. ವಾರದೊಳಗೆ ಹಬೆಯಲ್ಲಿ ಮೀನು ಕಂಡವಂತೆ. ಬದುಕಿದ ಎಂಟು ಜನರಲ್ಲಿ ಏಳು ಜನ ವಾಪಸು ಹೋದರು. ಇನ್ನೆಲ್ಲಿಗೆ ಹೋಗುತ್ತಾರೆ?

ಹೆಣವನ್ನು ಬಿಡಿಸಿಕೊಳ್ಳಲು ಅವನು ಮೂರು ದಿನ ಅಲೆದ. ಅಪರಿಚಿತ ಹೆಂಗಸನ್ನು ನೀನ್ಯಾಕೆ ಕೇಳುತ್ತೀ ಅಂದರು. ಕೊನೆಗೆ ಮಗ ಅಂತ ಬರೆದು ಸಹಿ ಮಾಡಿದ ಮೇಲೆ ಕೊಟ್ಟರು.

ಎಲ್ಲ ಮುಗಿಸಿ ಮನೆಗೆ ಬಂದಾಗ ಸಾಯಂಕಾಲ. ಅಮ್ಮ ಒಲೆ ಹಚ್ಚಿರಲಿಲ್ಲ. ನೆಲದ ಮೇಲೆ ಕಾಲು ನೀಡಿ ಕೂತಿದ್ದಳು. ಪಕ್ಕದಲ್ಲಿ ಎಣ್ಣೆ ಬಟ್ಟಲು ಸುಮ್ಮನೆ ಇತ್ತು. ಅವನು ಎದುರಿಗೆ ಕೂತ. ಬೀದಿಯಲ್ಲಿ ಯಾರೋ ಸೈಕಲ್ಲಿಗೆ ಗಾಳಿ ಹೊಡೆಯುತ್ತಿದ್ದರು.

"ಹೊಟ್ಟೆಗಿಲ್ಲದೆ ಹೋದಳು ಅಂತಾರಲ್ಲೋ ಎಲ್ಲ," ಅಂದಳು ಅಮ್ಮ. "ಅವತ್ತು ನಾನೇ ಬಡಿಸಿದ್ದೆ. ಎರಡು ಸಲ ಹಾಕಿಸ್ಕೊಂಡಳು. ಎರಡು ಸಲ."

"ಹೌದಮ್ಮ."

"ನೀನು ಅಲ್ಲೇ ಇದ್ದೆಯಲ್ಲ. ನಿಂಗೆ ಗೊತ್ತಿರ್ತದೆ." ಅಮ್ಮ ಅವನ ಮುಖವನ್ನೇ ನೋಡಿದಳು. "ಎಷ್ಟು ಹೊತ್ತು ಹಸಿದಿದ್ದಳೋ?"

ಹನ್ನೆರಡನೇ ದಿನಕ್ಕೆ ಕಾಳು ಮುಗಿಯಿತು, ಇಪ್ಪತ್ತೇಳನೇ ದಿನ ಅವಳು ಹೋದಳು, ಹೋಗುವ ಹಿಂದಿನ ದಿನದವರೆಗೂ ಕೊಂಡಿ ಅವಳ ಕೈಯಲ್ಲೇ ಇತ್ತು. ಉದ್ದಣ್ಣ ಎಲ್ಲ ಹೇಳಿದ್ದ. ಅಮ್ಮ ಕಾಯುತ್ತಿದ್ದಳು.

ರಿಜಿಸ್ಟರಿನವರ ಬಾಯಲ್ಲಿ, ಇನ್‌ಸ್ಪೆಕ್ಟರ ಬಾಯಲ್ಲಿ ಕೇಳಿ ಮೈ ಉರಿದುಕೊಂಡಿದ್ದ ಆ ಗೇಟಿನ ಗಡಿಯಾರದ ಲೆಕ್ಕವನ್ನೇ ಅವನು ಎತ್ತಿಕೊಂಡ.

"ನಲವತ್ತು ನಿಮಿಷ ಅಮ್ಮ."

"ಅಷ್ಟೇನಾ?"

"ಅಷ್ಟೇ."

ಅಮ್ಮ ತಲೆಯಾಡಿಸಿದಳು. ಕೈ ಊರಿ ಎದ್ದು, ಒಲೆಯ ಹತ್ತಿರ ಹೋಗಿ ಬೆಂಕಿಪೊಟ್ಟಣ ಹುಡುಕತೊಡಗಿದಳು.